ಧೂಮಕೇತು ಠಾಣೆಯ ಎಂಟನೇ ಅಂತಸ್ತು

ನಾನು ಒಂದು ಆಟ. ಬುಗುರಿ, ಲಗೋರಿ, ಚೌಕಾಬಾರಗಳ ಕುಲಕ್ಕೆ ಸೇರಿದ್ದಲ್ಲ. ಕಂಪ್ಯೂಟರಿನೊಳಗೆ ಹುಟ್ಟಿ ಅಲ್ಲೇ ಬೆಳೆದ ವಿಡಿಯೊ ಗೇಮು. ನನ್ನ ಹೆಸರು ‘ಧೂಮಕೇತು ಠಾಣೆ’. ಹುಟ್ಟೂರು ಹುಬ್ಬಳ್ಳಿ.

ನನ್ನನ್ನು ಹೆತ್ತವಳು ದಾನೇಶ್ವರಿ ಬಣಗಾರ. ಕಂಪ್ಯೂಟರ್ ರಿಪೇರಿ ಅಂಗಡಿ ಇಟ್ಟಿದ್ದಳು. ಕಾಲೇಜಿನಲ್ಲಿದ್ದಾಗ ಹಳೇ ಕಾಲದ ಗುಂಡು ಹಾರಿಸುವ ಆಟಗಳನ್ನು ಆಡಿ ಮರುಳಾಗಿದ್ದವಳು. ಅಂಥ ಆಟಗಳಲ್ಲಿ ನಾಯಕಿಯ ಮುಖ ಕಾಣುವುದಿಲ್ಲ. ಅವಳ ಕಣ್ಣಿಗೆ ಕಂಡದ್ದೇ ಪರದೆಯ ಮೇಲೆ. ಕೆಳಗೆ ನಡುವೆ ಬಂದೂಕಿನ ತುದಿ ಅಷ್ಟೇ. ಗೋಡೆ, ಬಾಗಿಲು, ರಾಕ್ಷಸರು ಎಲ್ಲವೂ ದಪ್ಪ ದಪ್ಪ ಚೌಕದ ಚುಕ್ಕೆಗಳು. ನಾನೂ ಹಾಗೆಯೇ, ಈಗಿನ ಆಟಗಳ ನಯ ನನಗಿಲ್ಲ. ಬೇಕೆಂದೇ ಹಾಗೆ ಮಾಡಿದಳು.

ನನ್ನೊಳಗಿನ ಕಥೆ ಇಷ್ಟು. ಇನ್ನು ಏಳುನೂರು ವರ್ಷ ಕಳೆದ ಮೇಲೆ, ಸೂರ್ಯನಿಂದ ಬಹು ದೂರ, ಒಂದು ಧೂಮಕೇತುವಿನ ಬೆನ್ನ ಮೇಲೆ ಮನುಷ್ಯರು ಏಳು ಅಂತಸ್ತಿನ ಗಣಿಠಾಣೆ ಕಟ್ಟಿದ್ದಾರೆ. ಒಂದು ದಿನ ಅಲ್ಲಿಯ ಯಂತ್ರರಾಕ್ಷಸರು ತಿರುಗಿಬೀಳುತ್ತಾರೆ. ಕಾವಲುಗಾರ್ತಿ ಚಂಪಾ ಒಬ್ಬಳೇ ಉಳಿಯುತ್ತಾಳೆ. ಅವಳು ಏಳೂ ಅಂತಸ್ತು ಹತ್ತಿ ತುದಿಯಲ್ಲಿರುವ ನೌಕೆಯನ್ನು ಸೇರಬೇಕು.

ರಾಕ್ಷಸರನ್ನು ಬರೆದುಕೊಟ್ಟವರು ದಾನೇಶ್ವರಿಯ ಅಪ್ಪ ಈರಬಸಪ್ಪ. ನಲವತ್ತು ವರ್ಷ ಲಾರಿಗಳ ಹಿಂದೆ ಹುಲಿ, ಹದ್ದು, ಸೂರ್ಯೋದಯ ಬರೆದ ಕೈ. ಒಬ್ಬ ದೈತ್ಯನಿಗೆ ಮೂರು ದಿನ ಕೂತು ಮೀಸೆ ತೀಡಿದರು. ಮಗಳು ಅದನ್ನು ಕಂಪ್ಯೂಟರಿಗೆ ಹಾಕಿ ಅರವತ್ತು ಚುಕ್ಕೆಗಳಿಗೆ ಕುಗ್ಗಿಸಿದಾಗ ಪರದೆಯನ್ನು ದಿಟ್ಟಿಸಿ ಕೂಗಾಡಿದರು.

“ಏನವಾ ಇದು? ನನ್ನ ರಾಕ್ಷಸನ್ನ ಕುಟ್ಟಿ ಅವಲಕ್ಕಿ ಮಾಡೀಯಲ್ಲ!”

“ದೂರ ನಿಂತು ನೋಡಪ್ಪಾ, ಮೀಸಿ ಕಾಣಸ್ತೈತಿ.”

ಅವರು ಬಾಗಿಲವರೆಗೂ ಹಿಂದೆ ಸರಿದರು. ಕಂಡಿತು. ಮತ್ತೆ ಕುಂಚ ಹಿಡಿದು ಮುಂದಿನ ರಾಕ್ಷಸನನ್ನು ಬರೆಯಲು ಕೂತರು.

ಚುಕ್ಕೆಗಳು ಇಷ್ಟು ಒರಟಾಗಿದ್ದಾಗ ವೈರಿ ಎಲ್ಲಿಂದ ಬರುತ್ತಾನೆಂದು ಆಡುವವರಿಗೆ ತಿಳಿಯುವುದು ಕಷ್ಟ. ಅದಕ್ಕೇ ದಾನೇಶ್ವರಿ ಸದ್ದುಗಳ ಮೇಲೆ ಜೀವ ಹಾಕಿ ದುಡಿದಳು. ಎಡಗಡೆಯ ಸದ್ದು ಎಡಗಿವಿಗೆ, ಬಲದ್ದು ಬಲಕ್ಕೆ, ದೂರದ್ದು ಸಣ್ಣಗೆ. ಸದ್ದುಗಳೆಲ್ಲ ಮನೆಯವೇ. ಬಂದೂಕಿಗೆ ಗುಂಡು ತುಂಬುವುದು ಅಡಕೊತ್ತಿನ ಸದ್ದು. ಅಪಾಯದ ಸೈರನ್ ಎಂದರೆ ಕುಕ್ಕರಿನ ಸೀಟಿ. ಚಂಪಾ ಗೋಡೆಗೆ ಡಿಕ್ಕಿ ಹೊಡೆದಾಗ “ಉಫ್” ಎನ್ನುವವರು ಈರಬಸಪ್ಪನವರು. ಮೀಸೆಯ ದೈತ್ಯನ ಹೆಜ್ಜೆಗೆ ಮಾತ್ರ ಯಾವ ಸದ್ದೂ ಒಪ್ಪಲಿಲ್ಲ. ಕಡೆಗೊಂದು ಮುಂಜಾನೆ ಅವ್ವ ಗುರವ್ವ ಜೋಳದ ರೊಟ್ಟಿ ಬಡಿಯುವಾಗ ಮಗಳು ಫೋನು ಹಿಡಿದು ನಿಂತಳು. ದಪ್, ದಪ್, ದಪ್. ಅದೇ ಸರಿಹೋಯಿತು.

ಎರಡು ವರ್ಷಕ್ಕೆ ನಾನು ತಯಾರಾದೆ. ಇಂಟರ್ನೆಟ್ಟಿನಲ್ಲಿ ಆಟಗಳನ್ನಿಡುವ ಒಂದು ತಾಣದಲ್ಲಿ ನನ್ನನ್ನಿಟ್ಟರು. ಆಡಿದವರು ಬೆರಳೆಣಿಕೆಯಷ್ಟು. “ಅಜ್ಜನ ಕಾಲದ ಆಟ” ಎಂದೊಬ್ಬ ಬರೆದ. ಇನ್ನೊಬ್ಬ ಆಕಳಿಸುವ ಮುಖದ ಒಂದು ಚಿತ್ರ ಹಾಕಿ ಹೋದ. ಅದು ನನಗಿಂತ ಹೆಚ್ಚು ದಾನೇಶ್ವರಿಗೆ ನಾಟಿತು.

ನನ್ನಂಥವರಿಗೆ ಒಂದು ಸೌಕರ್ಯವಿದೆ. ಏಕಕಾಲಕ್ಕೆ ಎರಡು ಊರುಗಳಲ್ಲಿ ಇರಬಹುದು. ಗದಗಿನಲ್ಲಿ ಗೇಮಿಂಗ್ ಪಾರ್ಲರ್ ನಡೆಸುತ್ತಿದ್ದ ದಾವಲಸಾಬ ನದಾಫ ತನ್ನ ಆರು ಕಂಪ್ಯೂಟರುಗಳನ್ನು ರಿಪೇರಿಗೆ ತಂದಿದ್ದ. ಮರಳಿ ಕೊಡುವಾಗ ದಾನೇಶ್ವರಿ ಸಂಕೋಚದಿಂದ, “ಒಂದು ಆಟ ಹಾಕೇನ್ರಿ. ಬ್ಯಾಡಾದ್ರ ತಗದಬಿಡ್ರಿ” ಎಂದಳು. ಹೀಗೆ ನಾನು ಟೆಂಪೊ ಹತ್ತಿ ಗದಗ ಸೇರಿದೆ.

ಅಲ್ಲಿ ನನ್ನನ್ನು ಯಾರೂ ಕೇಳಲಿಲ್ಲ. ಕಾಲೇಜಿನ ಹುಡುಗರು ಒಮ್ಮೆ ತೆರೆದು, ನಕ್ಕು, ಮುಚ್ಚುತ್ತಿದ್ದರು. ಪಾರ್ಲರಿನ ಬಾಗಿಲ ಬಳಿ ದಾವಲಸಾಬನ ಅಕ್ಕ ಜೈತುನಬಿ ಕೂರುತ್ತಿದ್ದಳು. ನಲವತ್ತರ ಹೆಂಗಸು. ಹುಟ್ಟಿನಿಂದ ಕಣ್ಣು ಕಾಣದು. ಆದರೂ ಪಾರ್ಲರಿನ ಯಜಮಾನಿಕೆ ಅವಳದೇ. “ಮೂರನೇ ಸೀಟ, ನಿಂದು ತಾಸು ಮುಗೀತು, ಏಳಪಾ” ಎಂದರೆ ಏಳಲೇಬೇಕು. ಯಾರು ಯಾವ ಕುರ್ಚಿಯಲ್ಲಿದ್ದಾರೆಂಬುದು ಕುರ್ಚಿಯ ಕಿರುಗುಟ್ಟುವಿಕೆಯಿಂದಲೇ ಅವಳಿಗೆ ಗೊತ್ತು.

ಒಂದು ಮಧ್ಯಾಹ್ನ ಹುಡುಗರು ಊಟಕ್ಕೆ ಹೋದಾಗ ಯಾರೋ ನನ್ನನ್ನು ತೆರೆದಿಟ್ಟೇ ಹೋಗಿದ್ದರು. ಜೈತುನಬಿ ಕಿವಿಗೊಟ್ಟಳು.

“ದಾವಲ್, ಐದನೇ ಸೀಟಿನ್ಯಾಗ ಯಾವ ಆಟೋ ಅದು? ಒಳಗ ಯಾರೋ ರೊಟ್ಟಿ ಬಡ್ಯಾಕ ಹತ್ಯಾರ.”

“ರಾಕ್ಷಸರ ಆಟ, ಆಪಾ. ರೊಟ್ಟಿ ಎಲ್ಲಿಂದ ಬರಬೇಕು?”

“ರೊಟ್ಟಿ ಸಪ್ಪಳ ನನಗ ತಿಳಿಯೂದಿಲ್ಲೇನು? ಆ ಹೆಡ್‌ಫೋನ್ ಇತ್ಲಾಗ ಕೊಡು.”

ಕೀಬೋರ್ಡಿನ ಮೇಲೆ ಅವಳ ಬೆರಳು ಬಿದ್ದ ಗಳಿಗೆ ನನಗೆ ಚೆನ್ನಾಗಿ ನೆನಪಿದೆ. ಹಿಂದೆಂದೂ ನನ್ನನ್ನು ಯಾರೂ ಅಷ್ಟು ನಿಧಾನವಾಗಿ ಮುಟ್ಟಿರಲಿಲ್ಲ. ಮೊದಲ ದಿನ ಮೊದಲ ಓಣಿಯಲ್ಲೇ ಮೂವತ್ತು ಸಲ ಸತ್ತಳು. ಈರಬಸಪ್ಪನವರ “ಉಫ್” ಕೇಳಿ ಕೇಳಿ ನಗುತ್ತಿದ್ದಳು. ನಾಲ್ಕನೇ ದಿನಕ್ಕೆ ಕಬ್ಬಿಣದ ನೆಲ, ಮಣ್ಣಿನ ನೆಲಗಳ ಹೆಜ್ಜೆಸದ್ದು ಎಣಿಸಿ ತಿರುವು ಹಿಡಿಯತೊಡಗಿದಳು. ಎರಡು ವಾರಕ್ಕೆ ಮೂರು ಅಂತಸ್ತು ಹತ್ತಿದಳು. ನಗುತ್ತಿದ್ದ ಹುಡುಗರೀಗ ತಮ್ಮ ಆಟ ಬಿಟ್ಟು ಅವಳ ಬೆನ್ನ ಹಿಂದೆ ನಿಲ್ಲುತ್ತಿದ್ದರು.

“ಆಪಾ, ಎಡಕ್ಕ ಬಂದ, ಎಡಕ್ಕ!”

“ಸುಮ್ಮನಿರ್ರಲೇ. ನೀವು ಒದರಿದ್ರ ನನಗೇನೂ ಕಾಣೂದಿಲ್ಲ.”

ನಾಲ್ಕನೇ ಅಂತಸ್ತಿನಲ್ಲಿ ಅವಳು ಸಿಕ್ಕಿಬಿದ್ದಳು. ಅಲ್ಲಿ ಮೂರು ಬಾಗಿಲುಗಳು. ಕೆಂಪು, ನೀಲಿ, ಹಳದಿ ದೀಪಗಳು. ಕೈಯಲ್ಲಿರುವ ಕೀಲಿಯ ಬಣ್ಣದ ಬಾಗಿಲನ್ನೇ ತೆರೆಯಬೇಕು. ತಪ್ಪಿದರೆ ಚಂಪಾ ಆಕಾಶಕ್ಕೆ ಹಾರಿಹೋಗುತ್ತಾಳೆ. ಬಾಗಿಲುಗಳ ಸ್ಥಾನವೂ ಪ್ರತಿಸಲ ಬದಲಾಗುತ್ತದೆ. ದೀಪಗಳಿಗೆ ಸದ್ದಿರಲಿಲ್ಲ. ಒಂಬತ್ತು ದಿನ ಅವಳು ಆಕಾಶಕ್ಕೆ ಹಾರಿದಳು. ಕೂಗಿ ಹೇಳಬೇಕೆಂದು ನನಗೆ ಅನಿಸುತ್ತಿತ್ತು. ಆದರೆ ನನ್ನ ಬಾಯಿಗೆ ದಾನೇಶ್ವರಿ ಇಟ್ಟಷ್ಟೇ ಮಾತು.

“ಬಣ್ಣ ನಾ ಹೇಳ್ತೀನಿ, ಆಪಾ” ಎಂದ ದಾವಲಸಾಬ.

“ನೀ ಹೇಳಿದ್ರ ನೀ ಗೆದ್ದಂಗ. ಇದನ್ನ ಮಾಡಿದಾಕಿಗೆ ಫೋನ್ ಹಚ್ಚು.”

ಅದೇ ವಾರ ಹುಬ್ಬಳ್ಳಿಯಲ್ಲಿ ದಾನೇಶ್ವರಿ ನನ್ನನ್ನು ಇಂಟರ್ನೆಟ್ಟಿನಿಂದ ತೆಗೆದುಹಾಕುವುದೆಂದು ಗಟ್ಟಿ ಮಾಡಿದ್ದಳು. “ಮುಗೀತಪ್ಪಾ, ಇನ್ನ ಅಂಗಡಿ ಕೆಲಸಷ್ಟ” ಎಂದು ಅಪ್ಪನಿಗೂ ಹೇಳಿಯಾಗಿತ್ತು. ಆಗ ಫೋನು ಬಂತು.

“ನಾ ಗದಗಿನಿಂದ ಜೈತುನಬಿ. ನಿಮ್ಮ ಆಟದಾಗ ನಾಕನೇ ಅಂತಸ್ತಿನ ಬಾಗಿಲಾ ಮಾತಾಡವಲ್ವು. ಉಳಿದವೆಲ್ಲಾ ಮಾತಾಡ್ತಾವು, ಅವು ಯಾಕ ಬಾಯಿ ಮುಚ್ಕೊಂಡಾವು?”

ದಾನೇಶ್ವರಿಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಅರ್ಥವಾದ ಮೇಲೆ ಕುರ್ಚಿ ಎಳೆದು ಕೂತಳು.

“ನೀವು ಕಣ್ಣು ಕಾಣದನ ನಾಕನೇ ಅಂತಸ್ತಿನ ತನಕ ಬಂದೀರೇನ್ರಿ?”

“ಬಂದೇನಲ್ಲ, ಒಂಬತ್ತು ದಿನದಿಂದ ಅಲ್ಲೇ ಸಾಯಾಕ ಹತ್ತೇನಿ!”

ಭಾನುವಾರ ಅಪ್ಪ ಮಗಳು ಗದಗಿನ ಬಸ್ ಹತ್ತಿದರು. ಜೈತುನಬಿ ಅವರೆದುರು ಮೊದಲಿನಿಂದ ಆಡಿ ತೋರಿಸಿದಳು. ದಾನೇಶ್ವರಿಯ ಕಣ್ಣು ತುಂಬಿತ್ತು. ಈರಬಸಪ್ಪನವರಿಗೆ ಮಾತ್ರ ಒಂದು ಕೊರಗು. ಇಷ್ಟು ಚೆನ್ನಾಗಿ ಆಡುವವಳಿಗೆ ತಮ್ಮ ಮೀಸೆಯ ದೈತ್ಯ ಕಾಣುವುದಿಲ್ಲವಲ್ಲ!

“ತಂಗೀ, ಈಗ ಬಂದನಲ್ಲ, ಆ ದೊಡ್ಡ ರಾಕ್ಷಸ. ನಿನ್ನ ಮನಸಿನ್ಯಾಗ ಅವ ಹ್ಯಾಂಗ ಅದಾನವಾ?” ಎಂದು ಕೇಳಿದರು.

“ಅವನಲ್ಲ ಕಾಕಾ, ಅವಳು. ಕೈತುಂಬ ಬಳಿ ಹಾಕ್ಕೊಂಡಾಳ.”

ಎಲ್ಲರೂ ಹೆಡ್‌ಫೋನಿಗೆ ಕಿವಿಯಿಟ್ಟು ಕೇಳಿದರು. ದಪ್, ದಪ್. ಅದರ ಬೆನ್ನಿಗೇ ಅತಿ ಸಣ್ಣಗೆ ಕಿಣಿ, ಕಿಣಿ. ರೊಟ್ಟಿಯ ಜೊತೆಗೆ ಗುರವ್ವನ ಬಳೆಯೂ ನನ್ನೊಳಗೆ ಬಂದುಬಿಟ್ಟಿತ್ತು! ಅಲ್ಲಿಯವರೆಗೆ ಯಾರಿಗೂ ಕೇಳಿಸಿರಲಿಲ್ಲ. ಈರಬಸಪ್ಪನವರು ತೊಡೆ ತಟ್ಟಿಕೊಂಡು ನಕ್ಕರು.

“ಹೌದವಾ, ನಮ್ಮ ಮನ್ಯಾಗ ಖರೇ ರಾಕ್ಷಸಿ ಆಕೀನ!”

“ಮನಿಗೆ ಹೋಗಿ ಅವ್ವನ ಮುಂದ ಹೇಳು, ನೋಡೂನು” ಎಂದಳು ಮಗಳು.

ಹೇಳಲಿಲ್ಲ. ಆದರೆ ಆ ವಾರವೇ ಮೀಸೆ ಅಳಿಸಿ, ದೈತ್ಯೆಗೆ ಮೂಗುತಿ, ಮೊಣಕೈವರೆಗೆ ಹಸಿರು ಬಳೆ ಬರೆದರು. ದಾನೇಶ್ವರಿ ಬಾಗಿಲುಗಳಿಗೂ ಕೀಲಿಗಳಿಗೂ ದನಿ ಕೊಟ್ಟಳು. ಕೆಂಪಿಗೆ ಬೆಂಕಿಯ ಚಟಪಟ, ನೀಲಿಗೆ ನಲ್ಲಿಯ ನೀರು, ಹಳದಿಗೆ ಜೇನ್ನೊಣದ ಗುಂಯ್. ನನ್ನನ್ನು ತೆಗೆದುಹಾಕುವ ಮಾತು ಮತ್ತೆ ಬರಲಿಲ್ಲ.

ಹೊಸ ರೂಪದಲ್ಲಿ ನಾನು ಗದಗಿಗೆ ಬಂದ ಇಪ್ಪತ್ತನೇ ದಿನ ಜೈತುನಬಿ ಏಳನೇ ಅಂತಸ್ತು ಮುಟ್ಟಿದಳು. ಎರಡು ಸಲ ನೌಕೆಯ ಮೆಟ್ಟಿಲ ಬಳಿಯೇ ಬಿದ್ದಳು. ಮೂರನೇ ಸಲ ಉಳಿದ ಐದೂ ಸೀಟಿನವರು ತಮ್ಮ ಹೆಡ್‌ಫೋನು ತೆಗೆದಿಟ್ಟು ಅವಳ ಸುತ್ತ ನೆರೆದಿದ್ದರು. ಬಳೆಯ ಸದ್ದು ಹಿಂದಿನಿಂದ ಬಂತು. ಅವಳು ಗರ್ರನೆ ಹೊರಳಿ, ಎರಡೇ ಗುಂಡು ಹಾರಿಸಿ, ಓಡಿ ನೌಕೆಯೊಳಗೆ ಬಿದ್ದಳು. ನಾನು ಗೆಲುವಿನ ವಾದ್ಯ ಬಾರಿಸಿದೆ. ಹುಡುಗರ ಕೂಗಿನಲ್ಲಿ ಅದು ಯಾರಿಗೂ ಕೇಳಿಸಲಿಲ್ಲ. ದಾವಲಸಾಬ ಓಡಿಹೋಗಿ ಬಿಸಿ ಮಿರ್ಚಿ ಭಜಿ ತಂದು ಹಂಚಿದ.

ಅಕ್ಕ ಮಾತ್ರ ಮಿರ್ಚಿ ಮುಟ್ಟದೆ ಮತ್ತೆ ಹುಬ್ಬಳ್ಳಿಗೆ ಫೋನು ಹಚ್ಚಿಸಿದಳು.

“ಮುಗದಹೋತು, ದಾನೇಶ್ವರಿ. ಈಗ ನಾ ಏನ್ ಮಾಡ್ಲಿ?”

“ಎಂಟನೇದು ನೀವ ಕಟ್ರಿ, ಅಕ್ಕಾರ. ನೀವು ಹೇಳ್ರಿ, ನಾ ಬರೀತೀನಿ.”

ಹಾಗೆ ನನಗೆ ಎಂಟನೇ ಅಂತಸ್ತು ಬಂತು, ನೌಕೆ ಅದರ ತುದಿಗೆ ಏರಿತು. ಅಲ್ಲಿ ಠಾಣೆಯ ದೀಪಗಳೆಲ್ಲ ಆರಿವೆ. ಪರದೆ ಪೂರ್ತಿ ಕಪ್ಪು. ಸದ್ದು ಮಾತ್ರ ದಾರಿ. ಗದಗಿನ ಮುದ್ರಣಾಲಯವೊಂದರ ಯಂತ್ರದ ಖಟಖಟ ಕೇಳಿದರೆ ಎಡಕ್ಕೆ ಹೊರಳಬೇಕು. ನೀರು ತೊಟ್ಟಿಕ್ಕುವಲ್ಲಿ ಕಾಲಿಡಬಾರದು. ಗುಡ್ಡದ ಮೇಲಿನ ಗಾಳಿಯಂತ್ರದ ಸುಂಯ್ ಸುಂಯ್ ಹತ್ತಿರವಾದರೆ ನೌಕೆ ಅಲ್ಲೇ ಇದೆ. ಎಲ್ಲವನ್ನೂ ಜೈತುನಬಿಯೇ ಅಲೆದು ಆರಿಸಿದ್ದು. ದಿನವಿಡೀ ಆಡುವ ಹುಡುಗರು ಅಲ್ಲಿ ಗೋಡೆಗೋಡೆಗೆ ಡಿಕ್ಕಿ ಹೊಡೆದು “ಉಫ್, ಉಫ್” ಅನ್ನಿಸುತ್ತಿದ್ದರು. ಸುದ್ದಿ ಹಬ್ಬಿತು. ಎಲ್ಲೆಲ್ಲಿಂದಲೋ ಕಣ್ಣಿಲ್ಲದವರು ನನ್ನನ್ನು ಇಂಟರ್ನೆಟ್ಟಿನಿಂದ ತಮ್ಮ ಕಂಪ್ಯೂಟರಿಗೆ ಇಳಿಸಿಕೊಂಡರು. ಬೆಳಗಾವಿಯ ಒಬ್ಬ ಮೇಷ್ಟರು ಜೈತುನಬಿಗಿಂತ ಬೇಗ ಮುಗಿಸಿದೆನೆಂದು ಫೋನಿನಲ್ಲಿ ಹೇಳಿ, ಅವಳಿಂದ ಚೆನ್ನಾಗಿ ಬೈಸಿಕೊಂಡರು.

ಈಗ ನನಗೆ ವಯಸ್ಸಾಗಿದೆ. ಹುಡುಗರ ಆಟವೆಲ್ಲ ಮೊಬೈಲಿಗೆ ಹೋಯಿತು. ಪಾರ್ಲರಿನ ಜಾಗದಲ್ಲಿ ದಾವಲಸಾಬ ಝೆರಾಕ್ಸ್ ಅಂಗಡಿ ನಡೆಸುತ್ತಾನೆ. ಐದನೇ ಸೀಟಿನ ಕಂಪ್ಯೂಟರೊಂದೇ ಉಳಿದು ಅವರ ಮನೆಯ ಮೂಲೆಯಲ್ಲಿದೆ. ಅದರ ಫ್ಯಾನು ಕೆಮ್ಮುತ್ತದೆ. ನಾನು ಏಳಲು ಮೂರು ನಿಮಿಷ ಬೇಕು. ಬೇಸರವಿಲ್ಲ. ಜಗತ್ತೆಲ್ಲ ಆಡಲಿ ಎಂದು ನನ್ನನ್ನು ಮಾಡಿದರು, ಜಗತ್ತು ಬರಲಿಲ್ಲ. ಬಂದ ಕೆಲವರು ಮಾತ್ರ ನನ್ನನ್ನು ಕೊನೆಯವರೆಗೂ ಕೇಳಿದರು. ಒಂದು ಆಟಕ್ಕೆ ಅದಕ್ಕಿಂತ ಹೆಚ್ಚಿನದೇನು ಬೇಕು?

ಹೋದ ವಾರ ಈರಬಸಪ್ಪನವರು ಬಂದಿದ್ದರು. ವಯಸ್ಸು ಎಪ್ಪತ್ತೆಂಟು. ಅವರೊಮ್ಮೆಯೂ ಎಂಟನೇ ಅಂತಸ್ತು ದಾಟಿರಲಿಲ್ಲ. ಬಣ್ಣವಿಲ್ಲದ ಜಾಗದಲ್ಲಿ ತಮಗೇನು ಕೆಲಸ ಎನ್ನುತ್ತಿದ್ದರು. ಜೈತುನಬಿ ಬಿಡಲಿಲ್ಲ. ಕಣ್ಣು ಮುಚ್ಚಿಸಿ ಹೆಡ್‌ಫೋನು ಹಾಕಿ ಕೂರಿಸಿದಳು. ತಾನೂ ಪಕ್ಕದಲ್ಲೇ ಇನ್ನೊಂದು ಹೆಡ್‌ಫೋನು ಹಾಕಿ ಕೂತಳು. ಅವರು ತಮ್ಮದೇ “ಉಫ್” ಕೇಳುತ್ತ, ತಡವರಿಸುತ್ತ, ಮುಕ್ಕಾಲು ತಾಸು ನಡೆದರು. ಸುಂಯ್ ಸುಂಯ್ ಹತ್ತಿರವಾಯಿತು, ಇನ್ನೂ ಹತ್ತಿರವಾಯಿತು. ನೌಕೆಯ ಬಾಗಿಲು ಹಿಂದೆ ಮುಚ್ಚಿದ ಸದ್ದಾಯಿತು. ಅವರ ಬೆರಳು ನಿಂತಿತು.

“ಈಗ ಕಣ್ಣ ತೆರೀರಿ, ಕಾಕಾ. ಏನ ಕಾಣಸ್ತೈತಿ?”

ಅವರು ಕಣ್ಣುಜ್ಜಿಕೊಂಡು ಪರದೆಯನ್ನು ಎರಡೆರಡು ಸಲ ನೋಡಿದರು. “ಏನೂ ಕಾಣವಲ್ದವಾ!”

“ಹಂಗಾದ್ರ ನೀವು ನೌಕಾದೊಳಗ ಅದೀರಿ. ಗಟ್ಟಿ ಹಿಡಕೊಂಡು ಕುಂದರ್ರಿ, ಹೊಂಟಿತು!”