ಬಂಧುಭಾಷೆಯ ಚೀಟಿ

ಶಾಲೆಯ ಕೊನೆಯ ಮೌಖಿಕ ಪರೀಕ್ಷೆಯ ದಿನ ಕೆವೆ ಕಪ್ಪು ಸೂಟಿನಲ್ಲಿ ಬೆವರುತ್ತ ಬಂದು, ಮೇಜಿನ ಮೇಲೆ ಬೋರಲು ಹಾಕಿದ್ದ ಚೀಟಿಗಳಲ್ಲಿ ಒಂದನ್ನು ಎತ್ತಿದ. ಓದಿದವನ ಮುಖ ಬಿಗಿಯಾಯಿತು. ಯಾವ ವಿಷಯವೆಂದು ನನಗೆ ಅಷ್ಟರಲ್ಲೇ ಗೊತ್ತಾಯಿತು: ಹಂಗೇರಿಯನ್ ಭಾಷೆಯ ಮೂಲ ಮತ್ತು ಬಂಧುಭಾಷೆಗಳು.

ಅದು ಬಂದರೆ ಬಾಯಿ ಬಿಡುವುದಿಲ್ಲವೆಂದು ಅವನು ನನ್ನ ತರಗತಿಯಲ್ಲಿ ಶಪಥ ಮಾಡಿದ್ದ. "ಸೈಬೀರಿಯಾದ ಆ ಮೀನುನಾತದ ಜನ ನಮಗೆ ನೆಂಟರಾ ಮೇಡಂ? ನಾವು ಕುನ್‌ಗಳು. ಕುದುರೆ ಏರಿ ಬಂದೋರು, ತುರ್ಕರ ಕಡೆಯೋರು!" ಹಂಗೇರಿಯ ನಮ್ಮ ಈ ಕಾರ್ತ್ಸಗ್ ಊರಿನಲ್ಲಿ ಅರ್ಧ ಜನ ಹಾಗೇ ಹೇಳುತ್ತಾರೆ. ಆದರೆ ಇಲ್ಲಿ ಫೇಲಾದರೆ ಅವನ ಪಶುವೈದ್ಯ ಕಾಲೇಜಿನ ಸೀಟು ಹೋಗುತ್ತದೆ.

ಅವನ ಅಪ್ಪ ಪರೀಕ್ಷಕರ ಊಟಕ್ಕೆಂದು ಕುರಿಮಾಂಸದ ಸಾರು ತಂದು ಕಾರಿಡಾರಿನಲ್ಲಿ ಕೂತಿದ್ದ. ಬೇರೆ ಊರಿನಿಂದ ಬಂದಿದ್ದ ಪರೀಕ್ಷಾ ಮಂಡಳಿಯ ಅಧ್ಯಕ್ಷೆ ವೆರೆಬೇಯಿ ಮೂಗರಳಿಸಿದರು.

"ಘಮಘಮ ಅಂತಿದೆ. ಆದ್ರೆ ಸಾರಿಗೆ ಅಂಕ ಕೊಡೋಕಾಗಲ್ಲಪ್ಪ. ಶುರು ಮಾಡು."

"ಹೇಳಲ್ಲ."

"ಗೊತ್ತಿಲ್ವೋ, ಹೇಳಲ್ವೋ?"

"ಓದಿದೀನಿ. ನಂಬದೇ ಇರೋದನ್ನ ಹೇಳಲ್ಲ."

"ಹಾಗಾದ್ರೆ ಇನ್ನೊಂದು ಚೀಟಿ ಎತ್ತು. ಅಂಕ ಕಮ್ಮಿ ಆಗುತ್ತೆ, ಪಾಸಂತೂ ಆಗ್ತೀಯ."

"ಬೇಡ. ಹೆದರಿ ಚೀಟಿ ಬದಲಾಯಿಸ್ದ ಅಂತ ಊರೆಲ್ಲ ಅಪ್ಪನ್ನ ಆಡ್ಕೊಳ್ಳುತ್ತೆ."

ಅಧ್ಯಕ್ಷೆ ಪೆನ್ನು ತೆಗೆದು ನನ್ನತ್ತ ತಿರುಗಿದರು. "ಬೊರೋಕಾ, ನೀವೇ ಇವನ ಟೀಚರ್ ಅಲ್ವಾ? ಏನಾದ್ರೂ ಕೇಳೋದಿದ್ರೆ ಈಗಲೇ ಕೇಳಿ."

ನಾಲ್ಕು ಜನರೆದುರು ಮಾತಾಡುವುದೆಂದರೆ ನನಗೆ ಹಿಂಜರಿಕೆ. ಪೆನ್ನಿನ ತುದಿ ಆಗಲೇ ಕಾಗದ ಮುಟ್ಟಿತ್ತು.

"ಕೆವೆ... ಹಳೇ ಕುನ್ ಭಾಷೆಯ ಪ್ರಾರ್ಥನೆ ಬರುತ್ತಾ?"

"ಬರದೇ ಇರುತ್ತಾ ಮೇಡಂ? ಅಜ್ಜಿ ತೊಟ್ಟಿಲಲ್ಲೇ ಕಲಿಸಿದಾಳೆ."

"ಹೇಳು."

ಅವನು ಎದ್ದು ನಿಂತು, ಎದೆಯುಬ್ಬಿಸಿ, ಒಂದೇ ಉಸಿರಿನಲ್ಲಿ ಹೇಳಿದ. ಬಾಗಿಲಿನಾಚೆಯಿಂದ ಅವನ ಅಪ್ಪನ ಗಡಸು ದನಿಯೂ ಸೇರಿಕೊಂಡಿತು. ಅಧ್ಯಕ್ಷೆ ಹುಬ್ಬುಗಂಟಿಕ್ಕಿದರೂ ತಡೆಯಲಿಲ್ಲ.

"ಇದರಲ್ಲಿ ಒಂದೊಂದು ಪದದ ಅರ್ಥ ಹೇಳ್ತೀಯಾ?"

ಅವನು ತಡವರಿಸಿದ. "ಅದು... ಮನೇಲಿ ಯಾರಿಗೂ ಗೊತ್ತಿಲ್ಲ. ಬಾಯಿಪಾಠ ಅಷ್ಟೇ. ಆ ಭಾಷೆ ಸತ್ತು ಎಷ್ಟೋ ಕಾಲ ಆಯ್ತಲ್ಲ."

"ಮತ್ತೆ ನಿಮ್ಮನೇಲಿ ಮಾತಾಡೋ ಭಾಷೆ ಯಾರದ್ದು?"

"ಇಲ್ಲಿ ಮೊದಲೇ ಇದ್ದೋರದ್ದು. ನಮ್ಮೋರು ಬಂದಮೇಲೆ..."

"ಬಂದಮೇಲೆ ಕಲಿತರು. ನಾನು ನಿನ್ನ ವಂಶ ಕೇಳ್ತಿಲ್ಲ ಕೆವೆ. ಆ ಭಾಷೆಯ ವಂಶ ಕೇಳ್ತಿದೀನಿ."

ಅವನು ಬಾಗಿಲಿನತ್ತ ನೋಡಿದ. ಅಲ್ಲಿ ಈಗ ಸದ್ದಿರಲಿಲ್ಲ. ಅಪ್ಪ ಕಿವಿಗೊಟ್ಟು ನಿಂತಿದ್ದಾನೆಂದು ನಮ್ಮಿಬ್ಬರಿಗೂ ಗೊತ್ತಿತ್ತು.

"ಖಾಂತಿ, ಮಾನ್ಸಿ," ಎಂದ, ನೆಲಕ್ಕೆ ಹೇಳುವಂತೆ.

"ಜೋರಾಗಿ!" ಎಂದರು ಅಧ್ಯಕ್ಷೆ.

"ಹತ್ತಿರದ ನೆಂಟರು ಅಂದ್ರೆ ಓಬ್ ನದಿ ಕಡೆಯ ಖಾಂತಿ, ಮಾನ್ಸಿ ಭಾಷೆಗಳು! ದೂರದವು ಫಿನ್ನಿಶ್, ಎಸ್ಟೋನಿಯನ್. ಕರು, ಸೇಬು, ಬಾರ್ಲಿ, ಇಂಥ ಪದಗಳು ಮಾತ್ರ ತುರ್ಕರಿಂದ ಬಂದವು. ಅದನ್ನೂ ಬರ್ಕೊಳ್ಳಿ!"

ಅಧ್ಯಕ್ಷೆ ಬರೆದುಕೊಂಡರು. ಪಾಸು.

ಹೊರಗೆ ಅಪ್ಪ ಗೋಡೆಗೊರಗಿ ನಿಂತಿದ್ದ. "ಕೇಳಿಸ್ತು," ಎಂದಷ್ಟೇ ಹೇಳಿದ. ಮಗ ತಲೆತಗ್ಗಿಸಲಿಲ್ಲ. ಅಪ್ಪ ನನ್ನನ್ನೊಮ್ಮೆ ದುರುಗುಟ್ಟಿ ನೋಡಿ, ಮಗನ ಕೊರಳಿನ ಟೈ ಸಡಿಲಿಸಿದ.

"ನಡಿಯೋ ದನದ ಡಾಕ್ಟ್ರೇ. ಈ ಹೊಸ ನೆಂಟರ ವಿಷ್ಯ ನಿಮ್ಮಜ್ಜಿಗೆ ನೀನೇ ಹೇಳ್ಬೇಕು, ನನ್ ಕೈಲಾಗಲ್ಲ."