ಕೆಂಪು ಮುಚ್ಚಳ

ಶನಿವಾರ ಮಧ್ಯಾಹ್ನ ಅಂಗಡಿ ಮುಚ್ಚುವಾಗ ಡಬ್ಬಿಯಲ್ಲಿ ಒಂದು ಮುಚ್ಚಳ ಕಡಿಮೆ ಇತ್ತು.

ಟಾಸ್ಮೇನಿಯಾದ ಈ ಸಣ್ಣ ಊರಿಗೆ ನಮ್ಮದೊಂದೇ ಹಾರ್ಡ್‌ವೇರ್ ಅಂಗಡಿ. ಚಳಿಗಾಲ ಬಂತೆಂದರೆ ಸೌದೆ ಒಲೆಯಿಟ್ಟುಕೊಂಡ ಮನೆಗಳಿಗೆ ಹೊಗೆ ಅಲಾರಾಂ ಪುಕ್ಕಟೆಯಾಗಿ ಹಾಕಿಕೊಡುತ್ತೇವೆ. ಏಣಿ ಹತ್ತುವವನು ನನ್ನ ಗಂಡ ಗ್ಲೆನ್, ಎಣಿಸುವವಳು ನಾನು. ಹೊಸ ಅಲಾರಾಂಗೆ ಧೂಳು ಹೋಗದ ಹಾಗೆ ಕೆಂಪು ಪ್ಲಾಸ್ಟಿಕ್ ಮುಚ್ಚಳ ಇರುತ್ತದೆ. ಅದನ್ನು ತೆಗೆಯದಿದ್ದರೆ ಹೊಗೆ ಒಳಗೆ ಹೋಗುವುದಿಲ್ಲ. ಆದ್ದರಿಂದ ಪ್ರತಿ ಮನೆಯ ಮುಚ್ಚಳವೂ ನನ್ನ ಕೌಂಟರಿನ ಡಬ್ಬಿಗೆ ಬಂದು ಬೀಳಬೇಕು. ಗಂಡನ ಮರೆವು ನನಗೆ ಗೊತ್ತಿಲ್ಲವೇ?

"ಗ್ಲೆನ್, ಐದು ಮನೆ ಅಂದೆ. ಇಲ್ಲಿ ನಾಲ್ಕೇ ಇದೆ."

"ಜೇಬಲ್ಲಿರತ್ತೆ ಬಿಡು." ತಡಕಿದ. ಎರಡು ಮೊಳೆ ಬಂದವು. ಅವನ ಮುಖ ಬಿಳಿಚಿಕೊಂಡಿತು. "ಮೌರೀನ್ ಮನೇದು. ನಿದ್ದೆ ಬರ್ತಿದೆ, ಬೇಗ ತೊಲಗು ಅಂತ ಬೈತಿದ್ಲು. ಆದ್ರೆ ಬಟನ್ ಒತ್ತಿದೆ, ಕೂಗ್ತಲ್ಲ!"

"ಮುಚ್ಚಳ ಇದ್ರೂ ಬಟನ್ ಒತ್ತಿದ್ರೆ ಕೂಗತ್ತೆ ಕಣೋ ಪುಣ್ಯಾತ್ಮ!"

ಮೌರೀನಳದು ಬೇಕರಿ. ರಾತ್ರಿಯಿಡೀ ಬ್ರೆಡ್ ಬೇಯಿಸುವವಳು ಹಗಲು ಫೋನ್ ಆಫ್ ಮಾಡಿ ಮಲಗುತ್ತಾಳೆ. ಒದ್ದೆ ಏಪ್ರನ್‌ಗಳನ್ನು ಒಣಗಲೆಂದು ಸೌದೆ ಒಲೆಯ ಮುಂದೆ ಕುರ್ಚಿಗೆ ಹಾಕುತ್ತಾಳೆ. ಬೇಡವೆಂದು ಎಷ್ಟು ಹೇಳಿದರೂ ಕೇಳುವ ಹೆಂಗಸಲ್ಲ. ಫೋನ್ ಮಾಡಿದೆ, ಹೋಗಲಿಲ್ಲ. ಅಂಗಡಿ ಮುಂದೆ ಬೆಂಕಿ ಆರಿಸುವ ಸ್ವಯಂಸೇವಕರು ದೇಣಿಗೆಗಾಗಿ ಸಾಸೇಜ್ ಸುಟ್ಟು ಮಾರುತ್ತಿದ್ದರು. ಆ ಹೊಗೆ ಮೂಗಿಗೆ ಬಡಿದದ್ದೇ ಗಾಡಿಯ ಕೀಯನ್ನು ಗ್ಲೆನ್ ಕೈಗೆ ತುರುಕಿದೆ.

"ಏನೂ ಆಗಿರಲ್ಲ ಬಿಡೇ," ಎನ್ನುತ್ತಲೇ ಗ್ಲೆನ್ ಗಾಡಿಯನ್ನು ಎಂದೂ ಓಡಿಸದ ವೇಗದಲ್ಲಿ ಓಡಿಸಿದ.  ನಾನು ಮತ್ತೆ ಮತ್ತೆ ಮೌರೀನ್‌ಗೆ ಫೋನ್ ಮಾಡುತ್ತಿದ್ದೆ.

ಬಾಗಿಲು ಬಡಿದೆವು, ಕೂಗಿದೆವು. ಕಿಟಕಿಯೊಳಗೆ ಕುರ್ಚಿ ಕಾಣಿಸಲಿಲ್ಲ, ಬರೀ ಬೂದು ಹೊಗೆ. ಗ್ಲೆನ್ ಸುತ್ತಿಗೆಯಿಂದ ಗಾಜು ಒಡೆದು ಒಳಗೆ ನುಗ್ಗಿ, ಹೊಗೆಯಾಡುತ್ತಿದ್ದ ಕುರ್ಚಿಯನ್ನು ಏಪ್ರನ್ ಸಮೇತ ಅಂಗಳಕ್ಕೆ ಎಸೆದ. ಮೌರೀನ್ ಕೆಮ್ಮುತ್ತಾ ಕೋಣೆಯಿಂದ ಹೊರಬಂದಳು. ಅವಳನ್ನು ತಬ್ಬಿಕೊಂಡು ಅತ್ತುಬಿಟ್ಟೆ.

ಪಕ್ಕದ ಮನೆಯವನು ಓಡಿಬಂದ. "ನೋಡಿ, ನಿಮ್ಮ ಅಲಾರಾಂ ಒಂದು ಜೀವ ಉಳಿಸ್ತು!"

ಸುಮ್ಮನಿದ್ದರೆ ಆಗುತ್ತಿತ್ತು. ಆದರೆ ಚಾವಣಿಯಲ್ಲಿ ಆ ಕೆಂಪು ಮುಚ್ಚಳ ಎಲ್ಲರಿಗೂ ಕಾಣುವ ಹಾಗೆ ಕೂತಿತ್ತು.

"ಅದು ಕೂಗ್ಲೇ ಇಲ್ಲ," ಎಂದೆ. "ನಾವು ಮುಚ್ಚಳ ತೆಗೀದೆ ಹೋಗಿದ್ವಿ ಮೌರೀನ್."

ಅವಳು ನನ್ನನ್ನು ನೋಡಿದಳು, ಗ್ಲೆನ್‌ನನ್ನು ನೋಡಿದಳು. "ಗಾಜೂ ಪುಕ್ಕಟೇನೇ ತಾನೇ?" ಎಂದಳು. ಅವಳ ಮುಖದಲ್ಲಿ ನಗು ಇರಲಿಲ್ಲ.

ಹೊಗೆಯೆಲ್ಲ ಹೋಗುವವರೆಗೆ ಬಾಗಿಲುಗಳನ್ನು ತೆರೆದಿಟ್ಟೆವು. ಗ್ಲೆನ್ ಅಂಗಡಿಯಿಂದ ಹೊಸ ಗಾಜು ತಂದು ಕೂರಿಸಿದ. ಆಮೇಲೆ ಏಣಿ ಹತ್ತಿ ಮುಚ್ಚಳ ತೆಗೆದು ನನ್ನ ಕೈಗೆ ಕೊಟ್ಟು, ಬಟನ್ ಕಡೆಗೆ ಬೆರಳು ಚಾಚಿದ.

"ಒತ್ತಬೇಡ," ಎಂದಳು ಮೌರೀನ್. "ಆಗ್ಲೂ ಒತ್ತೇ ತೋರಿಸಿದ್ದೆ. ಇಳಿ ಕೆಳಗೆ."

ಅಡುಗೆಮನೆಗೆ ಹೋಗಿ ಎರಡು ತುಂಡು ಬ್ರೆಡ್ ಟೋಸ್ಟರಿಗೆ ಹಾಕಿ, ಅದರ ಹಿಡಿಯನ್ನು ಮತ್ತೆ ಮತ್ತೆ ಅದುಮಿದಳು. ಒಂದು ತುಂಡನ್ನೂ ಸೀಯಿಸದ ಬೇಕರಿಯವಳು ಬೇಕೆಂದೇ ಕರಿಕು ಮಾಡುತ್ತಿದ್ದಳು. ಹೊಗೆ ನಿಧಾನವಾಗಿ ಮೇಲೇರಿತು. ಮೂವರೂ ತಲೆ ಎತ್ತಿ ನಿಂತೆವು. ಮುಚ್ಚಳ ನನ್ನ ಮುಷ್ಟಿಯಲ್ಲಿ ಬೆವೆತಿತ್ತು.

ಅಲಾರಾಂ ಕಿರುಚಿತು. ಕಿವಿ ಮುಚ್ಚಿಕೊಳ್ಳಲು ಯಾರೂ ಕೈ ಎತ್ತಲಿಲ್ಲ.