ಮೊದಲ ಹೋಮ್ ರನ್ನಿನ ಮೌನ

ಹನ್ನೊಂದು ವರ್ಷ ಬೇಸ್‌ಬಾಲ್ ಎಸೆದು ಹೊಟ್ಟೆ ಹೊರೆದ ವೆಂಡೆಲ್ ಕ್ರೌಸ್, ಭುಜ ಕೆಟ್ಟ ಮೇಲೆ ಲೇಖಕನಾದ. ಆಗಲಿ ಬಿಡಿ, ಯಾರು ಬೇಡ ಅಂದರು? ಆದರೆ ಬರೆದದ್ದು ಏನನ್ನು? ತಂಡದವರು ಬಟ್ಟೆ ಬದಲಿಸುವ ಕೋಣೆಯಲ್ಲಿ ಕಂಡದ್ದನ್ನೆಲ್ಲ. ಆಟಗಾರರಲ್ಲಿ ಆ ಕೋಣೆಯ ಮಾತು ಹೊಸಿಲು ದಾಟುವಂತಿಲ್ಲ, ಹೆಂಡತಿಗೂ ಹೇಳುವಂತಿಲ್ಲ. ಇವನು ಅಚ್ಚು ಹಾಕಿಸಿ ಊರಿಗೆಲ್ಲ ಹಂಚಿದ. ಉಂಡ ಮನೆಯ ಜಂತಿ ಎಣಿಸುವುದು ಅಂದರೆ ಇದೇ.

ಪುಸ್ತಕದಲ್ಲಿ ಎಲ್ಲರಿಗಿಂತ ಚೆನ್ನಾಗಿ ಮೂಡಿದವನು ಲೈಲ್ ಪ್ರೂಯಿಟ್. ವೆಂಡೆಲ್ ಎಸೆದ ಚೆಂಡನ್ನೆಲ್ಲ ಹಿಡಿದ ಕ್ಯಾಚರ್, ಅವನ ಮದುವೆಯಲ್ಲಿ ಪಕ್ಕಕ್ಕೆ ನಿಂತ ಗೆಳೆಯ. ಕೈನಡುಕ ನಿಲ್ಲಲೆಂದು ಲೈಲ್ ಆಟಕ್ಕೆ ಮುಂಚೆ ಕಾಫಿ ಲೋಟದಲ್ಲಿ ವಿಸ್ಕಿ ಕುಡಿಯುತ್ತಿದ್ದ ಎಂದು ಪುಸ್ತಕ ಹೇಳಿದ್ದು ಸುಳ್ಳಲ್ಲ. ಆದರೆ ಪುಸ್ತಕ ಬರುವ ಹೊತ್ತಿಗೆ ಲೈಲ್ ಕುಡಿತ ಬಿಟ್ಟು, ಅಯೋವಾದ ಒಂದು ಶಾಲೆಯಲ್ಲಿ ಮಕ್ಕಳಿಗೆ ಆಟ ಕಲಿಸುತ್ತಿದ್ದ. ತಾಯಂದಿರು ಪುಸ್ತಕ ಓದಿದರು. ಶಾಲೆ ಅವನನ್ನು ಮನೆಗೆ ಕಳಿಸಿತು.

ಆಮೇಲೆ ವೆಂಡೆಲ್ ಎಷ್ಟು ಸಲ ಫೋನ್ ಮಾಡಿದರೂ ಲೈಲ್ ಎತ್ತಲಿಲ್ಲ. ಬೈದರೂ ಸರಿ, ಅವನು ಒಂದು ಮಾತಾಡಲಿ ಎಂಬುದೊಂದೇ ವೆಂಡೆಲ್‌ಗೆ ಉಳಿದ ಆಸೆ. ಹಾಗಾಗಿ ನಿವೃತ್ತರೆಲ್ಲ ಮತ್ತೆ ಸೇರಿ ಆಡುವ ಹಳೆಯ ಆಟಗಾರರ ದಿನಕ್ಕೆ ಎಲ್ಲರಿಗೂ ಕರೆ ಹೋದಾಗ ತಪ್ಪದೆ ಹೊರಟ.

ಬಟ್ಟೆ ಬದಲಿಸುವ ಕೋಣೆಯ ಬಾಗಿಲು ಕಾಯುವ ಮುದುಕ ಓಟಿಸ್ ತಡೆದ.

“ಒಳಗೆ ಹೋಗ್ಲೇಬೇಕಾ? ಮೇಲೆ ಜನರ ಜೊತೆ ಕೂತ್ಕೊಂಡು ಹಾಟ್ ಡಾಗ್ ತಿಂತಾ ಆಟ ನೋಡಬಾರ್ದಾ?”

“ಲೈಲ್ ಬಂದಿದಾನಾ?”

“ಬಂದಿದಾನೆ. ಅದಕ್ಕೇ ಹೇಳಿದ್ದು.”

ವೆಂಡೆಲ್ ಕೇಳಲಿಲ್ಲ, ಒಳಗೆ ಹೋದ. ಅಲ್ಲಿದ್ದ ನಗು ತಟ್ಟನೆ ನಿಂತಿತು. ಎಲ್ಲರೂ ಬೆನ್ನು ತಿರುಗಿಸಿ ಬೂಟಿನ ದಾರ ಕಟ್ಟತೊಡಗಿದರು. ಹೆಸರು ಹಿಡಿದು ಕರೆದರೆ ದಾರವನ್ನು ಇನ್ನಷ್ಟು ಬಿಗಿದರು. ವೆಂಡೆಲ್‌ನ ಹೆಜ್ಜೆ ಅಲ್ಲೇ ನಿಂತಿತು, ಮರುಗಳಿಗೆಯೇ ಮುಖ ಅರಳಿತು. ಅಯ್ಯೋ, ಇದು ಅದೇ ಅಲ್ಲವೇ. ಹೊಸ ಆಟಗಾರ ಚೆಂಡನ್ನು ಬೇಲಿಯಾಚೆ ಬಾರಿಸಿ ತನ್ನ ಮೊದಲ ಹೋಮ್ ರನ್ ಹೊಡೆದು ಬಂದಾಗ ಇಡೀ ತಂಡ ತಮಾಷೆಗೆಂದು ಅವನನ್ನು ಕಾಣದವರಂತೆ ಕೂರುತ್ತದೆ. ಅವನು ಪೆಚ್ಚಾಗಿ, ಕೊನೆಗೆ ಶಾಭಾಸ್ ಎನ್ನುವ ಕೈಗಳು ಎದುರಿಗಿವೆ ಎಂಬಂತೆ ಗಾಳಿಗೇ ಅಂಗೈ ತಟ್ಟುತ್ತಾ ನಡೆಯುತ್ತಾನೆ. ಆಗ ಎಲ್ಲರೂ ಹೋ ಎಂದು ಮೇಲೆ ಬಿದ್ದು ತಬ್ಬುತ್ತಾರೆ. ಪುಸ್ತಕವೇ ನನ್ನ ಹೋಮ್ ರನ್, ಎಲ್ಲವನ್ನೂ ಹೊಟ್ಟೆಗೆ ಹಾಕಿಕೊಂಡಿದ್ದಾರೆ ಅಂದುಕೊಂಡ ವೆಂಡೆಲ್. ಪಾಪ, ಲೇಖಕನಲ್ಲವೇ, ಕಲ್ಪನೆ ಜಾಸ್ತಿ.

ಬಲಗೈ ಎತ್ತಿದ. ಸಾಲು ಬೆನ್ನುಗಳ ನಡುವೆ ನಗುತ್ತಾ, ಇಲ್ಲದ ಕೈಗಳಿಗೆ ಅಂಗೈ ತಟ್ಟುತ್ತಾ ನಡೆದ. ಕೊನೆಯ ಬೆಂಚಿನ ಬಳಿ ತಿರುಗಿ, ಎತ್ತಿದ ಕೈ ಎತ್ತಿಕೊಂಡೇ ಕಾದ. ಯಾರೂ ಮೇಲೆ ಬೀಳಲಿಲ್ಲ. ಒಬ್ಬೊಬ್ಬರೇ ಎದ್ದು, ಕೈಗವಸು ತೆಗೆದುಕೊಂಡು ಮೈದಾನಕ್ಕೆ ಹೋದರು.

ಕೊನೆಗೆ ಉಳಿದವನು ಲೈಲ್. ಮೊಣಕಾಲು ಹಿಡಿದುಕೊಂಡು ನಿಧಾನವಾಗಿ ಎದ್ದ. ಮುಖದಲ್ಲಿ ಸಿಟ್ಟಿರಲಿಲ್ಲ, ಕನಿಕರ ಇತ್ತು. ವೆಂಡೆಲ್‌ಗೆ ಅದೇ ಚುಚ್ಚಿತು.

“ತಮಾಷೆ ಅಲ್ಲ ಕಣೋ,” ಎಂದ ಲೈಲ್. “ಕೈ ಇಳಿಸು.”

ಅಷ್ಟು ಹೇಳಿ ಅವನೂ ಮೈದಾನಕ್ಕೆ ಹೋದ.